ಉಳುಕಿದ ಬೆರಳಿಗೊಂದು ಕೋಡ್: ಐದನೇ ವಾರಕ್ಕೆ ಎಲ್ಲಿಗೆ ಬಂತು

ಮೆಡಿಕಲ್ ಕೋಡಿಂಗ್ (ಡಾಕ್ಟರ್ ಬರೆದ ರೋಗ, ಗಾಯಗಳನ್ನು ಕೋಡ್‌ಗೆ ತಿರುಗಿಸುವ ಕೆಲಸ) ಕಲಿಯುವಾಗ ಬೆರಳಿನ ಗಾಯಗಳ ಪುಟ ಬಂದಾಗಲೆಲ್ಲ ನನಗೆ ತಲೆ ಕೆಡುತ್ತಿತ್ತು. ಅದಕ್ಕೇ ಒಂದು ಪೈಥಾನ್ ಸ್ಕ್ರಿಪ್ಟ್ ಬರೆಯಲು ಕೂತೆ. ಡಾಕ್ಟರ್ ಬರೆದಂಥ ಒಂದು ಸಾಲು ಕೊಟ್ಟರೆ ಅದು ಐಸಿಡಿ-10-ಸಿಎಂ, ಅಂದರೆ ಅಮೆರಿಕದ ರೋಗ-ಗಾಯಗಳ ಪಟ್ಟಿಯ, ಕೋಡ್ ಹೇಳಬೇಕು, ಅಷ್ಟೇ. ಪರೀಕ್ಷೆಗೆ ಇಟ್ಟುಕೊಂಡ ಸಾಲುಗಳೆಲ್ಲ ನಾನೇ ಕಟ್ಟಿದ್ದು, ನಿಜವಾದ ರೋಗಿಯದ್ದು ಒಂದೂ ಇಲ್ಲ. ಎರಡು ದಿನದ ಕೆಲಸ ಅಂದುಕೊಂಡಿದ್ದೆ.

ವಾರ 1

ಮೊದಲು ಕೋಡ್‌ಗಳನ್ನು ಒಂದು ಶೀಟಿಗೆ ಹಾಕಿಕೊಂಡೆ. ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10ರಲ್ಲಿ ಬೆರಳಿನ ಲಿಗಮೆಂಟ್ (ಮೂಳೆಗಳನ್ನು ಜೋಡಿಸುವ ಕಟ್ಟು) ಹರಿದರೆ ಒಂದೇ ಕೋಡ್: ಎಸ್63.4. ಅಮೆರಿಕದ ಆವೃತ್ತಿ ಅದೇ ಒಂದನ್ನು ಬಿಡಿಸಿ ಹರಡಿದೆ. ಯಾವ ಲಿಗಮೆಂಟ್ ಅನ್ನುವುದಕ್ಕೆ ಐದು ಗುಂಪು, ಯಾವ ಬೆರಳು ಅನ್ನುವುದಕ್ಕೆ ಹತ್ತು ಅಂಕಿ, ಕೊನೆಗೆ ಚಿಕಿತ್ಸೆಯ ಹಂತಕ್ಕೆ ಎ, ಡಿ, ಎಸ್ ಅಂತ ಮೂರು ಅಕ್ಷರ. ಗುಣಿಸಿದರೆ 150. 2015ರ ಅಕ್ಟೋಬರ್ 1ರವರೆಗೆ ಅಲ್ಲಿ ನಡೆಯುತ್ತಿದ್ದ ಐಸಿಡಿ-9ರಲ್ಲಿ ಬೆರಳಿನ ಗೆಣ್ಣು ಉಳುಕಿದರೆ 842.13 ಅಂತ ಬರೆದು ಮುಗಿಸುತ್ತಿದ್ದರು. ಎಡವೋ ಬಲವೋ, ಯಾವ ಬೆರಳೋ, ಯಾರೂ ಕೇಳುತ್ತಿರಲಿಲ್ಲ.

ನಮ್ಮ 'ಉಳುಕು' ಅನ್ನೋ ಪದವೂ ಸ್ವಲ್ಪ ಹಾಗೆಯೇ. ಲಿಗಮೆಂಟ್ ಎಳೆದುಕೊಂಡರೂ ಉಳುಕು, ಸ್ನಾಯು ಎಳೆದುಕೊಂಡರೂ ಉಳುಕು. ಕೋಡ್ ಪುಸ್ತಕ ಅದನ್ನು ಒಪ್ಪುವುದಿಲ್ಲ. ಮೂಳೆಗೂ ಮೂಳೆಗೂ ನಡುವಿನ ಲಿಗಮೆಂಟ್ ಆದರೆ ಎಸ್63, ಸ್ನಾಯು ಅಥವಾ ಅದನ್ನು ಮೂಳೆಗೆ ಕಟ್ಟುವ ಟೆಂಡನ್ ಆದರೆ ಎಸ್66. ನನ್ನ ಸ್ಕ್ರಿಪ್ಟ್ 'ರಪ್ಚರ್' ಅನ್ನೋ ಪದ ಕಂಡ ತಕ್ಷಣ ಎಸ್63.4ಕ್ಕೆ ಓಡುತ್ತಿತ್ತು. ಹರಿದಿದ್ದು ಟೆಂಡನ್ ಆಗಿದ್ದರೂ ಅಷ್ಟೇ. ಮೊದಲ ಷರತ್ತಾಗಿ ಟೆಂಡನ್ ಇದೆಯಾ ಅಂತ ನೋಡುವ ಸಾಲು ಸೇರಿಸಿದೆ.

ವಾರ 2

ಈ ವಾರ ಪೂರ್ತಿ ಹೆಬ್ಬೆರಳು ತಿಂದಿತು.

ಉಳಿದ ನಾಲ್ಕು ಬೆರಳಿಗೆ ಚಂದದ ಒಂದು ಲೆಕ್ಕ ಇದೆ. ಬಲ ತೋರುಬೆರಳು 0, ಎಡ ತೋರುಬೆರಳು 1. ಮಧ್ಯದ ಬೆರಳು 2, 3. ಉಂಗುರದ ಬೆರಳು 4, 5. ಕಿರುಬೆರಳು 6, 7. ಸಮ ಸಂಖ್ಯೆ ಬಲಗೈ, ಬೆಸ ಸಂಖ್ಯೆ ಎಡಗೈ. ಇದು ಹೊಳೆದಾಗ ಖುಷಿಯಾಗಿ ಒಂದೇ ಸಾಲಿನಲ್ಲಿ ಬರೆದುಬಿಟ್ಟೆ. ಬಲ ತೋರುಬೆರಳಿನ ಕೊಲ್ಯಾಟರಲ್ ಲಿಗಮೆಂಟ್ ಹರಿದಿದೆ ಅಂದರೆ ಎಸ್63.410ಎ. ಸರಿಯಾಗಿ ಬಂತು.

ಆಮೇಲೆ ಬಲ ಹೆಬ್ಬೆರಳಿನ ಉಳುಕು ಕೊಟ್ಟು ನೋಡಿದೆ. ಬಂದಿದ್ದು ಎಸ್63.602ಎ. ಪುಸ್ತಕದಲ್ಲಿ ಅದು ಎಡ ಹೆಬ್ಬೆರಳು! ಹೆಬ್ಬೆರಳಿಗೆ 1 ಅಂದರೆ ಬಲ, 2 ಅಂದರೆ ಎಡ, 9 ಅಂದರೆ ಯಾವುದೋ ಗೊತ್ತಿಲ್ಲ. ನನ್ನ ಸಮ-ಬೆಸ ಲೆಕ್ಕ ಅಲ್ಲಿ ಪೂರ್ತಿ ತಿರುಗಾಮುರುಗಾ. ತಮಾಷೆ ಏನೆಂದರೆ 1 ಬಲ, 2 ಎಡ ಅನ್ನುವುದೇ ಐಸಿಡಿ-10-ಸಿಎಂನ ಮಾಮೂಲಿ ಪದ್ಧತಿ. ಬೇರೆ ದಾರಿ ಹಿಡಿದಿದ್ದು ಉಳಿದ ನಾಲ್ಕು ಬೆರಳುಗಳೇ. ಎಸ್63.4ರ ಬೆರಳುಗಳ ಹೆಸರಲ್ಲಂತೂ ಹೆಬ್ಬೆರಳು ಇಲ್ಲವೇ ಇಲ್ಲ. ಕೊನೆಗೆ ಅದಕ್ಕೆ ಬೇರೆಯದೇ ಫಂಕ್ಷನ್ ಬರೆದೆ.

ವಾರ 3

8 ಮತ್ತು 9. ಎರಡೂ 'ಗೊತ್ತಿಲ್ಲ' ಅಂದುಕೊಂಡು ಕೈ ಅಥವಾ ಬೆರಳು, ಏನೇ ಬಿಟ್ಟುಹೋದರೂ 9 ಹಾಕುತ್ತಿದ್ದೆ. ತಪ್ಪು. ಉಂಗುರದ ಬೆರಳು ಅಂತ ಬರೆದಿದ್ದಾರೆ, ಎಡವೋ ಬಲವೋ ಬರೆದಿಲ್ಲ ಅಂದರೆ 8. ಬೆರಳೇ ಗೊತ್ತಿಲ್ಲದಿದ್ದರೆ 9. ಜೊತೆಗೆ ಎಲ್ಲ ಕೋಡ್‌ಗೂ ಕೊನೆಯಲ್ಲಿ ಒಂದು ಎಕ್ಸ್ ತುರುಕುತ್ತಿದ್ದೆ, ಅದನ್ನೂ ತೆಗೆದೆ. ಅಂಕಿ ಕಡಿಮೆ ಬಿದ್ದಾಗ ಮಾತ್ರ ಎಕ್ಸ್ ಬೇಕು, ಎಸ್63.91ಎಕ್ಸ್‌ಎ ಥರ.

ಈ ವಾರ ಕಂಡ ಇನ್ನೊಂದು ವಿಷಯ ನನ್ನನ್ನು ಜಾಸ್ತಿ ಕಾಡಿತು. ಲಿಗಮೆಂಟ್ ಹರಿದಾಗ, ಅಂದರೆ ಎಸ್63.4ರಲ್ಲಿ, ಕೋಡ್ ಕೇಳುವುದು ಯಾವ ಲಿಗಮೆಂಟ್ ಅಂತ: ಕೊಲ್ಯಾಟರಲ್, ಪಾಮರ್, ವೋಲಾರ್ ಪ್ಲೇಟ್. ಯಾವ ಕೀಲು ಅಂತ ಕೇಳುವುದಿಲ್ಲ. ಬುಡದ ಕೀಲಾದರೂ, ಮಧ್ಯದ ಗೆಣ್ಣಾದರೂ, ಉಗುರಿನ ಹತ್ತಿರದ್ದಾದರೂ ಅದೇ ಕೋಡ್. ಬರೀ ಉಳುಕಾದಾಗ ಉಲ್ಟಾ. ಎಸ್63.65 ಅಂದರೆ ಬುಡದ ಕೀಲು, ಎಸ್63.63 ಅಂದರೆ ಬೆರಳಿನ ನಡುವಿನ ಗೆಣ್ಣುಗಳು. ಅಲ್ಲಿ ಲಿಗಮೆಂಟ್ ಯಾವುದು ಅಂತ ಕೇಳುವವರಿಲ್ಲ. ಗಾಯ ಚಿಕ್ಕದಾದರೆ ಜಾಗ ಬೇಕು, ದೊಡ್ಡದಾದರೆ ಜಾಗ ಬೇಡ! ಇದಕ್ಕೆ ತರ್ಕ ಹುಡುಕುವುದನ್ನು ಬಿಟ್ಟು ಸ್ಕ್ರಿಪ್ಟ್ ಕೇಳುವ ಪ್ರಶ್ನೆಗಳನ್ನೇ ಎರಡು ದಾರಿ ಮಾಡಿದೆ. 'ಹರಿದಿದೆಯಾ?' ಅನ್ನೋದು ಮೊದಲು, ಉಳಿದದ್ದು ಆಮೇಲೆ. ಒಂದೇ ಗಾಯಕ್ಕೆ ಎಸ್63.4, ಎಸ್63.6 ಎರಡನ್ನೂ ಒಟ್ಟಿಗೆ ಹಾಕುವ ಹಾಗಿಲ್ಲ, ಎಸ್63.6ರ ಕೆಳಗೆ ಹಾಗಂತ ಎಕ್ಸ್‌ಕ್ಲೂಡ್ಸ್1 ಸೂಚನೆ ಇದೆ. ಹಾಗಾಗಿ ಕವಲು ಒಡೆಯುವುದು ಅಲ್ಲೇ ಅಂತ ನನಗೂ ಸಮಾಧಾನ.

ಪಾಮರ್ ಲಿಗಮೆಂಟ್ ಮತ್ತು ವೋಲಾರ್ ಪ್ಲೇಟ್ ಬಗ್ಗೆ ಒಂದು ಗೊಣಗಾಟ. ಅಂಗರಚನೆಯ ಪುಸ್ತಕಗಳಲ್ಲಿ ಇವೆರಡೂ ಒಂದೇ ವಸ್ತುವಿನ ಹೆಸರು. ಕೋಡ್ ಪುಸ್ತಕದಲ್ಲಿ ಮಾತ್ರ ಎಸ್63.42, ಎಸ್63.43 ಅಂತ ಬೇರೆ ಬೇರೆ ಮನೆ. ಡಾಕ್ಟರ್ ಯಾವ ಪದ ಬರೆದಿದ್ದಾರೋ ಅದೇ ಕೋಡ್, ನಾನು ತಲೆ ಹಾಕುವುದಿಲ್ಲ ಅಂತ ತೀರ್ಮಾನಿಸಿದೆ.

ವಾರ 4

ಏಳನೇ ಅಕ್ಷರ. 'ಎ' ಅಂದರೆ ಮೊದಲ ಭೇಟಿ ಅಂದುಕೊಂಡು ಭೇಟಿಯ ಸಂಖ್ಯೆ ಎಣಿಸುವ ಕೋಡ್ ಬರೆದಿದ್ದೆ. ಅಳಿಸಿದೆ. 'ಎ' ಅಂದರೆ ಚಿಕಿತ್ಸೆ ಇನ್ನೂ ನಡೆಯುತ್ತಿದೆ ಅಂತ. ಗಾಯವಾಗಿ ಮೂರು ವಾರದ ಮೇಲೆ ಆಪರೇಷನ್ ಮಾಡಿ ಲಿಗಮೆಂಟ್ ಹೊಲಿದರೂ 'ಎ'ನೇ. ವಾಸಿಯಾಗುವ ಹಂತದಲ್ಲಿ ಫಿಸಿಯೋಥೆರಪಿಗೆ ಬಂದರೆ 'ಡಿ'. ಎಲ್ಲ ಮುಗಿದು ಬಲಗೈ ಬೆರಳು ಗಟ್ಟಿಯಾಗಿ ಉಳಿದುಬಿಟ್ಟರೆ ಮೊದಲು ಎಂ25.641, ಅದರ ಹಿಂದೆ ಹಳೇ ಗಾಯದ ಕೋಡ್ 'ಎಸ್' ಜೊತೆ. ಕ್ರಮ ತಪ್ಪಬಾರದು.

ವಾರ 5

ಈಗ 60 ಸಾಲುಗಳಲ್ಲಿ 56 ಪಾಸ್. ಉಳಿದ ನಾಲ್ಕೂ ಸಂಕ್ಷೇಪಗಳ ಕಾಟ. 'ಎಲ್ ಆರ್‌ಎಫ್' ಅಂದರೆ ಎಡಗೈಯ ಉಂಗುರದ ಬೆರಳು. ನನ್ನ ಸ್ಕ್ರಿಪ್ಟ್ 'ಆರ್' ನೋಡಿ ಬಲಗೈ ಅಂತ ಓದಿತು, ಎಸ್63.615 ಬರಬೇಕಾದಲ್ಲಿ ಬೇರೇನೋ ಬಂತು. ಎರಡು ಅಕ್ಷರ ಒಟ್ಟಿಗಿದ್ದರೆ ಮೊದಲು ಬೆರಳಿನ ಹೆಸರು ನೋಡು ಅಂತ ಬದಲಾಯಿಸಿ ಇಂಥ ಮೂರನ್ನು ಸರಿ ಮಾಡಿದೆ.

ಕೊನೆಯದು 'ಎಲ್‌ಎಫ್ ಉಳುಕು', ಇಷ್ಟೇ. ಲಿಟಲ್ ಫಿಂಗರ್ರಾ, ಲೆಫ್ಟ್ ಫಿಂಗರ್ರಾ? ಮೊದಲನೆಯದಾದರೆ ಎಸ್63.618, ಎರಡನೆಯದಾದರೆ ಬೆರಳೇ ಗೊತ್ತಿಲ್ಲ, ಎಸ್63.619. ಅರ್ಧ ಗಂಟೆ ಷರತ್ತು ಬರೆದು ಬರೆದು ಅಳಿಸಿದೆ. ಈಗ ಆ ಸಾಲು ಬಂದರೆ ಸ್ಕ್ರಿಪ್ಟ್ ಕೋಡ್ ಕೊಡುವುದೇ ಇಲ್ಲ. 'ಡಾಕ್ಟರನ್ನು ಕೇಳಿ: ಯಾವ ಬೆರಳು, ಯಾವ ಕೈ?' ಅಂತ ಬರೆದು ನಿಲ್ಲುತ್ತದೆ. ಟೆಸ್ಟ್ ಶೀಟಿನಲ್ಲಿ ಅದನ್ನೂ ಪಾಸ್ ಅಂತ ಗುರುತು ಹಾಕಿಕೊಂಡೆ.