ನೀರೊಳಗಿನ ಕೋಲಿನಂತೆ ಡೊಂಕಾದ ಕೊಂಬು

12 ಜನವರಿ 2025, ರವಿವಾರ ರಾತ್ರಿ, ಬೀದರ್

ಸಂಜೆ ಓಣಿಯ ಹುಡುಗ ಮೆಮೊರಿ ಕಾರ್ಡ್ ಹಿಡಿದು ಬಂದಿದ್ದ. ಹೊನ್ನಿಕೇರಿ ಕಡೆ ತೆಗೆದ ಕೃಷ್ಣಮೃಗದ ನಾನೂರು ಫೋಟೊ.

“ಅಣ್ಣಾ, ಶಟರ್ ಸೆಕೆಂಡಿನ 1/3200 ಇಟ್ಟಿದ್ದೆ ರೀ, ಆದ್ರೂ ಎಲ್ಲಾ ಮಬ್ಬ ಬಂದಾವ. 600 ಎಂಎಂ ಲೆನ್ಸೇ ಬೇಕೇನ್ರಿ?”

ಲೆನ್ಸಿನ ತಪ್ಪಲ್ಲ. ದೊಡ್ಡದು ಮಾಡಿ ತೋರಿಸಿದೆ. ಫೋಕಸ್ ತಪ್ಪಿದ್ದರೆ ಮುಂದಿನ ಹುಲ್ಲೋ ಹಿಂದಿನ ತೊಗರಿ ಕೂಳೆಯೋ ಸ್ಪಷ್ಟವಾಗಿ ಕಾಣಬೇಕಿತ್ತು. ಇಲ್ಲಿ ಯಾವುದೂ ಇಲ್ಲ. ಸುರುಳಿ ಕೊಂಬಿನ ಅಂಚು ನೀರೊಳಗಿನ ಕೋಲಿನ ಹಾಗೆ ಡೊಂಕು. ಮುಂದಿನ ಫ್ರೇಮಿನಲ್ಲಿ ಡೊಂಕೇ ಬೇರೆ. ತೆಗೆದ ಹೊತ್ತು 10.40. ಮೈಗೆ ಥಂಡಿ ಹತ್ತುತ್ತಿದ್ದರೂ ಕೆಂಪು ನೆಲ ಅಷ್ಟೊತ್ತಿಗೆ ಕಾದಿರುತ್ತದೆ. 200 ಮೀಟರ್ ಆಚೆಯ ಬೆಳಕು ಆ ಕುದಿಯುವ ಗಾಳಿ ದಾಟಿ ಬರಬೇಕು. ಉದ್ದ ಲೆನ್ಸ್ ಹಾಕಿದರೆ ಚಿಗರಿಯ ಜೊತೆ ಆ ಅಲುಗಾಟವೂ ದೊಡ್ಡದಾಗುತ್ತದೆ.

“ಮುಂಜಾನಿ 7 ಗಂಟೇದು ಸುದ್ದಾ ಹಂಗೇ ಅದಲ್ರಿ?”

“ಗಾಡಿಯೊಳಗ ಹೀಟರ್ ಹಚ್ಚಿದ್ರೇನು?”

ಹಚ್ಚಿದ್ದರಂತೆ. ಕಿಟಕಿಯಿಂದ ಹೊರಬೀಳುವ ಬಿಸಿಗಾಳಿ ಲೆನ್ಸಿನ ಮುಂದೆಯೇ ಹಾಯುತ್ತದೆ. ಎಂಜಿನ್ ಬಂದ್ ಮಾಡಿ, ನಾಲ್ಕೂ ಗಾಜು ಇಳಿಸಿ, ಒಳಗೂ ಹೊರಗೂ ಒಂದೇ ಥಂಡಿ ಆಗುವ ತನಕ ಹದಿನೈದು ನಿಮಿಷ ಕೂಡಬೇಕು. ಬಾಗಿಲ ಮೇಲೆ ಎರಡು ಕಿಲೋ ಜೋಳ ತುಂಬಿದ ಬಟ್ಟೆ ಚೀಲ ಇಟ್ಟರೆ ಲೆನ್ಸ್ ಗಟ್ಟಿ ಕೂಡುತ್ತದೆ. ಗಂಡಿನ ಕಪ್ಪು ಮೈ ನೋಡಿ ಕ್ಯಾಮೆರಾ ಎಕ್ಸ್‌ಪೋಶರ್, ಅಂದರೆ ಫೋಟೊದ ಬೆಳಕು, ಏರಿಸುತ್ತದೆ, ಬಿಳಿ ಹೊಟ್ಟೆ ಸುಟ್ಟುಹೋಗುತ್ತದೆ. ಅದಕ್ಕೆ ಎಕ್ಸ್‌ಪೋಶರ್ ಮೈನಸ್ 0.7ಕ್ಕೆ ಇಳಿಸಿಡಬೇಕು. ಕ್ಯಾಮೆರಾ ತಿದ್ದದೆ ಇಡುವ ರಾ ಫೈಲಿನಲ್ಲಿ ಕಪ್ಪನ್ನು ಎಬ್ಬಿಸಬಹುದು, ಸುಟ್ಟ ಬಿಳಿ ಮತ್ತೆ ಬರುವುದಿಲ್ಲ.

ಒಂದು ಫೋಟೊ ಮಾತ್ರ ಚೆನ್ನಾಗಿತ್ತು: ನಾಲ್ಕೂ ಕಾಲು ನೆಲ ಬಿಟ್ಟ ನೆಗೆತ. ಹೆಂಗ ಸಿಕ್ತೋ ಅಂದೆ.

“ಗೆಳೆಯಾ ಆ ಕಡಿಂದ ಬೈಕ್ ತಂದಾ ರೀ.”

ಮುಂದೆ ನೋಡಲಾಗಲಿಲ್ಲ. ಅದು ಹೆದರಿದ ನೆಗೆತ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಲ್ಲಿ ಕೊಲ್ಲುವುದಷ್ಟೇ ಬೇಟೆಯಲ್ಲ, ಅಟ್ಟುವುದೂ ಬೇಟೆಯೇ. ಹೇಳಿದೆ. ತಲೆ ತಗ್ಗಿಸಿ ಕೂತ. ಬೈಯಲು ಮನಸ್ಸಾಗಲಿಲ್ಲ.

ಬರುವ ರವಿವಾರ ಆರಕ್ಕೇ ಹೊರಡೋಣ ಅಂದಿದ್ದೇನೆ. ಅವನ 70-200 ಎಂಎಂ ಲೆನ್ಸೇ ಸಾಕು. ಫ್ರೇಮ್ ತುಂಬ ಚಿಗರಿಯೇ ಯಾಕೆ ಬೇಕು? ಕೆಂಪು ಮಡ್ಡಿ, ಅದರ ಮೇಲೆ ತೆಳ್ಳಗೆ ಮಂಜು, ಒಂದು ಮೂಲೆಯಲ್ಲಿ ಹೆಬ್ಬೆರಳಷ್ಟು ಕಪ್ಪು, ಕೊಂಬು ಮಾತ್ರ ಮಂಜಿನ ಮೇಲೆ ಎದ್ದು…