ದುರ್ಗದ ಕೋಟೆಯಲ್ಲಿ ಅತ್ತಿಗೆ ಕೇಳಿದ ಪ್ರಶ್ನೆ

ಚಿತ್ರದುರ್ಗಕ್ಕೆ ಹೊರಟೆವು ಅಂದರೆ ಎಲ್ಲರೂ ಓಬವ್ವನ ಕಿಂಡಿ ನೋಡೋಕೆ ಅಂದುಕೊಳ್ಳುತ್ತಾರೆ. ನಮ್ಮ ಅತ್ತಿಗೆ ಹೊರಟಿದ್ದು ಬೇರೆ ಲೆಕ್ಕಕ್ಕೆ. ಕಾಲೇಜಿನಲ್ಲಿ ಇತಿಹಾಸ ಹೇಳುವವರು ಅವರು. ಆಳುವವರೇ ನಿಂತು ಜನರನ್ನು ಕೊಂದ, ಊರು ಬಿಡಿಸಿದ ಪ್ರಕರಣಗಳನ್ನು ಹುಡುಕುತ್ತಿದ್ದಾರೆ.

ದಾರಿಯಲ್ಲಿ ಶಿರಾ ಬಂತು. ನಾನು ಟೀ ಕುಡಿಯುತ್ತಿದ್ದೆ. "ಟಿಪ್ಪು ಕಾಲದಲ್ಲಿ ಇಲ್ಲಿಂದ 12,000 ಕುಟುಂಬಗಳನ್ನ ಎಬ್ಬಿಸಿ ಶ್ರೀರಂಗಪಟ್ಟಣದ ಗಂಜಾಂ ತುಂಬಿಸಿದರು ಅಂತ ಗೆಜೆಟಿಯರ್ ಹೇಳುತ್ತೆ, ಗೊತ್ತೇನೋ?" ಅಂದರು. ಗೊತ್ತಿರಲಿಲ್ಲ.

ಕೋಟೆಯಲ್ಲಿ ಬಿಸಿಲು ಜಾಸ್ತಿ, ಕೋತಿಗಳು ಇನ್ನೂ ಜಾಸ್ತಿ. ಮದ್ದು ಬೀಸುವ ಕಲ್ಲುಗಳ ಹತ್ತಿರ ಸ್ವಲ್ಪ ಹೊತ್ತು ನಿಂತೆವು. ಹೊಂಡದೊಳಗೆ ಆಳೆತ್ತರದ ನಾಲ್ಕು ಕಲ್ಲು. ಮುಂದೆ ಬಂಡೆಗಳ ಮೇಲೆ ಉಳಿಯಿಂದ ಕೊರೆದ ಗುಳಿಗಳ ಸಾಲು, ಬೆರಳು ಇಟ್ಟರೆ ಸರಿಯಾಗಿ ಕೂರುತ್ತೆ. ಕಲ್ಲು ಸೀಳೋಕೆ ಮಾಡಿದ್ದು. ನನಗೆ ಏಳು ಸುತ್ತಿಗಿಂತ ಇದೇ ಹಿಡಿಸಿತು. ಕಿಂಡಿಯ ಹತ್ತಿರ ಗೈಡ್ ಎರಡೂ ಕೈಯಲ್ಲಿ ಒನಕೆ ಎತ್ತಿದ ಹಾಗೆ ಮಾಡಿ ತೋರಿಸಿದರು. ಚೆನ್ನಾಗೇ ಮಾಡುತ್ತಾರೆ.

"ಕೋಟೆ ಬಿದ್ದ ಮೇಲೆ ಏನಾಯ್ತು?" ಅಂತ ಅತ್ತಿಗೆ ಕೇಳಿದರು.

"ಮದಕರಿ ನಾಯಕರನ್ನ ಸೆರೆ ಹಿಡಿದು ಶ್ರೀರಂಗಪಟ್ಟಣಕ್ಕೆ ಒಯ್ದರು ಮೇಡಂ."

"ಅವರದ್ದಲ್ಲ, ಜನರದ್ದು."

ಅದು 1779. ಹೈದರಾಲಿ ಕೋಟೆ ಗೆದ್ದ ಮೇಲೆ ಸುಮಾರು 20,000 ಬೇಡರನ್ನು, ಅಂದರೆ ಮದಕರಿಯ ನಾಯಕ ಜನಾಂಗದವರನ್ನು, ಶ್ರೀರಂಗಪಟ್ಟಣಕ್ಕೆ ಸಾಗಿಸಿದ, ಹುಡುಗರನ್ನು ಮತಾಂತರ ಮಾಡಿ 'ಚೇಲಾ' ಪಡೆ ಕಟ್ಟಿದ ಅಂತ ಮಾರ್ಕ್ ವಿಲ್ಕ್ಸ್ ಬರೆದಿದ್ದಾನೆ. ಇವನು ಆಮೇಲೆ ಮೈಸೂರಿನಲ್ಲಿದ್ದ ಬ್ರಿಟಿಷ್ ರೆಸಿಡೆಂಟ್. ಹೈದರನನ್ನು ಕೆಟ್ಟವನಾಗಿ ತೋರಿಸೋದು ಅವನ ಕಡೆಯವರಿಗೆ ಬೇಕಾಗಿತ್ತು, ಅಲ್ವಾ? ಹಾಗಾಗಿ ಆ ರೌಂಡ್ ಫಿಗರ್ ಅನ್ನು ಅತ್ತಿಗೆ ಪೂರ್ತಿ ನಂಬಲ್ಲ. ಆದರೆ ಜನರನ್ನು ಸಾಗಿಸಿದ್ದು ಸುಳ್ಳಲ್ಲ ಅನ್ನುತ್ತಾರೆ. ಸಿಟ್ಟಿಗೆ ಮಾಡಿದ್ದೂ ಅಲ್ಲ. ಇಲ್ಲಿ ಬೇಡರ ಬಲ ಮುರಿಯಬೇಕು, ಅಲ್ಲಿ ದುಡಿಯೋಕೆ, ಕಾದಾಡೋಕೆ ಕೈಗಳು ಬೇಕು. ಎರಡೂ ಒಂದೇ ಏಟಿಗೆ ಆಯಿತು.

ಈಗ ಹೈದರ್, ಟಿಪ್ಪು ಹೆಸರೆತ್ತಿದರೆ ಸಾಕು, ಎರಡೂ ಕಡೆಯವರು ತೋಳೇರಿಸುತ್ತಾರೆ. ಆ ಗಲಾಟೆಯಲ್ಲಿ, ಊರು ಬಿಟ್ಟು ಹೋಗಬೇಕಾದ ಜನರ ವಿಷಯ ಯಾರಿಗೂ ಬೇಡ. ಓಬವ್ವನಿಗೆ 2021ರಿಂದ ಸರ್ಕಾರಿ ಜಯಂತಿ ಇದೆ, ನವೆಂಬರ್ 11ಕ್ಕೆ. ಊರೊಳಗೆ ಕುದುರೆ ಮೇಲೆ ಮದಕರಿ ಇದ್ದಾರೆ. ಹಾಗೆ ಒಯ್ದ ಜನರ ಬಗ್ಗೆ ನಾವು ಓದಿದ ಯಾವ ಫಲಕದಲ್ಲೂ ಒಂದು ಸಾಲಿಲ್ಲ.

ಗೈಡ್ ಸ್ವಲ್ಪ ಹೊತ್ತು ಸುಮ್ನಿದ್ದರು. ಆಮೇಲೆ, "ಎಲ್ಲರನ್ನೂ ಒಯ್ಯೋಕೆ ಆಗಿಲ್ಲ ಮೇಡಂ. ನಾವಿಲ್ಲೇ ಇದೀವಲ್ಲ, ನಾನೂ ನಾಯಕರ ಪೈಕಿನೇ" ಅಂದರು. ಅವರ ಹಟ್ಟಿಯಲ್ಲಿ ಒಬ್ಬ ಅಜ್ಜ ಇದ್ದಾರಂತೆ, ತಲೆಮಾರುಗಳ ಹೆಸರು ಬಾಯಲ್ಲೇ ಹೇಳುತ್ತಾರಂತೆ. ಯಾರು ಹೋದರು, ಯಾರು ಉಳಿದರು ಅನ್ನೋದೂ ಅದರಲ್ಲಿ ಬರುತ್ತಂತೆ.

ಅತ್ತಿಗೆ ನನ್ನ ಕಡೆ ನೋಡಿದರು. ನಾನು ಫೋನ್ ತೆಗೆದು ರಾತ್ರಿ ಬಸ್ಸಿನ ಟಿಕೆಟ್ ಕ್ಯಾನ್ಸಲ್ ಮಾಡಿದೆ.