ಲಾದಿನ್ ಕಣಿವೆಗಳಿಗೆ ಹೋಗುವವರಿಗೆ ಕೆಲವು ಮಾತು

ಉತ್ತರ ಇಟಲಿಯ ಡೋಲೊಮೈಟ್ಸ್‌ಗೆ ಹೋಗುವ ಬಹುತೇಕರ ಗಮನವೆಲ್ಲ ಶಿಖರಗಳ ಮೇಲೆಯೇ ಇರುತ್ತದೆ. ಆದರೆ ಆ ಶಿಖರಗಳ ನಡುವಿನ ಬಾದಿಯಾ, ಗಾರ್ದೆನಾ, ಫಾಸ್ಸಾ, ಲಿವಿನಲ್ಲೊಂಗೊ ಮತ್ತು ಆಂಪೆಝೊಗಳಲ್ಲಿ ಲ್ಯಾಟಿನ್ ಮೂಲದ ಲಾದಿನ್ ಇಂದಿಗೂ ಮನೆಮಾತು. ಮೊದಲ ಮಹಾಯುದ್ಧದವರೆಗೆ ಆಸ್ಟ್ರಿಯಾದ ಟೈರೋಲ್‌ಗೆ ಸೇರಿದ್ದ ಈ ಗಡಿನಾಡು 1919ರ ಒಪ್ಪಂದದಿಂದ ಇಟಲಿಯ ಪಾಲಾಯಿತು. ಫ್ಯಾಸಿಸ್ಟ್ ಆಡಳಿತ ಅದನ್ನು ಬೊಲ್ಜಾನೊ, ಟ್ರೆಂಟೊ, ಬೆಲ್ಲುನೊ ಎಂಬ ಮೂರು ಪ್ರಾಂತ್ಯಗಳಿಗೆ ಹಂಚಿತು. ಈ ಹಂಚಿಕೆಯ ಬಿಸಿ ಪ್ರವಾಸಿಗೂ ತಟ್ಟುತ್ತದೆ: ಬೊಲ್ಜಾನೊ ಪ್ರಾಂತ್ಯದ ಅನೇಕ ವಸತಿಗೃಹಗಳು ಕೊಡುವ ಉಚಿತ ಬಸ್ ಪಾಸ್ ಇಡೀ ಲಾದಿನ್ ನಾಡಿಗೆ ಅನ್ವಯಿಸುವುದಿಲ್ಲ.

ತಂಗಲು ಬಾದಿಯಾ ಕಣಿವೆಯನ್ನೇ ಆರಿಸಿಕೊಳ್ಳಿ ಎಂಬುದು ನನ್ನ ಸಲಹೆ. ಮ್ಯೂನಿಕ್–ವೆರೋನಾ ರೈಲಿನಲ್ಲಿ ಫೊರ್ತೆಝಾಗೆ ಬಂದು, ಅಲ್ಲಿಂದ ಬ್ರುನಿಕೊಗೆ ಇನ್ನೊಂದು ರೈಲು ಹಿಡಿದರೆ, ಕಣಿವೆಯೊಳಕ್ಕೆ ಬಸ್ ಸಿಗುತ್ತದೆ. ಒಂದೇ ಊರಿಗೆ ಲಾದಿನ್, ಇಟಾಲಿಯನ್, ಜರ್ಮನ್ ಹೆಸರುಗಳಿರುವುದರಿಂದ ಮೂರನ್ನೂ ಬರೆದಿಟ್ಟುಕೊಳ್ಳಿ. ಉರ್ತಿಜೇಯ್, ಒರ್ತಿಸೇಯ್, ಸಾಂಕ್ಟ್ ಉಲ್ರಿಶ್ ಒಂದೇ ಊರು.

ಸಾನ್ ಮಾರ್ತಿನೊದ ಕೋಟೆಯಲ್ಲಿರುವ ಲಾದಿನ್ ವಸ್ತುಸಂಗ್ರಹಾಲಯವನ್ನು ಮೊದಲು ನೋಡಿದರೆ ಮುಂದಿನದೆಲ್ಲ ಅರ್ಥವಾಗುತ್ತದೆ. ಬಳಿಕ ಲೊಂಜಾರೂ ಊರಿನ ಮೇಲಿರುವ ಸೇರೆಸ್, ಮಿಶಿ ಎಂಬ ಹಳ್ಳಿಗಳಿಗೆ ನಡೆಯಿರಿ. ಅಲ್ಲಿನ ಮನೆಗಳ ಕೆಳಭಾಗ ಕಲ್ಲಿನದು, ಮೇಲ್ಭಾಗ ಮರದ್ದು. ಮನೆಗಳೆಲ್ಲ ಒಂದಕ್ಕೊಂದು ಒತ್ತಿಕೊಂಡಿವೆ. ಇಳಿಜಾರಿನ ತೊರೆಯುದ್ದಕ್ಕೂ ಹಳೆಯ ನೀರುಗಿರಣಿಗಳ ಸಾಲಿದೆ. ಇಡೀ ಪ್ರವಾಸದಲ್ಲಿ ನನಗೆ ಅತ್ಯಂತ ಪ್ರಿಯವಾದ ದಾರಿ ಇದೇ, ಅವಸರಪಟ್ಟು ನಡೆಯಬೇಡಿ.

ಸಸ್ಯಾಹಾರಿಗಳು ಪಾಲಕ್ ಹೂರಣ ತುಂಬಿ ಕರಿದ ತುರ್ತ್ರೆಸ್ ಕೇಳಬಹುದು. ಪನೀಚಾ ಎಂಬ ಬಾರ್ಲಿ ಸೂಪಿನಲ್ಲಿ ಸಾಮಾನ್ಯವಾಗಿ ಹಂದಿಮಾಂಸ ಇರುವುದರಿಂದ ವಿಚಾರಿಸದೆ ತಿನ್ನಬೇಡಿ.

ಲಿವಿನಲ್ಲೊಂಗೊಗೆ ಹೋಗದೆ ಮರಳಬಾರದು. ಅಲ್ಲಿನ ಕೋಲ್ ದಿ ಲಾನಾ ಬೆಟ್ಟದ ತುದಿಯನ್ನು 1916ರ ಏಪ್ರಿಲ್ 17ರ ರಾತ್ರಿ ಇಟಲಿಯ ಸೈನಿಕರು ಸುರಂಗ ತೋಡಿ ಸಿಡಿಸಿದರು; ಆ ಕುಳಿ ಈಗಲೂ ಇದೆ. ಬೊಲ್ಜಾನೊ ಪ್ರಾಂತ್ಯದ ಲಾದಿನ್ನರಿಗೆ ಶಾಲೆಯಲ್ಲೂ ಆಡಳಿತದಲ್ಲೂ ದೊರೆತ ರಕ್ಷಣೆ ಬೆಲ್ಲುನೊ ಪ್ರಾಂತ್ಯದ ಪಾಲಾದ ಇಲ್ಲಿಯವರಿಗೆ ಅಷ್ಟು ಸಿಕ್ಕಿಲ್ಲ. 2007ರ ಜನಮತಸಂಗ್ರಹದಲ್ಲಿ ಈ ಊರು, ಕೋಲ್ಲೆ ಸಾಂತಾ ಲೂಚಿಯಾ ಮತ್ತು ಕೊರ್ತಿನಾ ದ'ಆಂಪೆಝೊ ಬೊಲ್ಜಾನೊ ಪ್ರಾಂತ್ಯಕ್ಕೆ ಸೇರಲು ಮತ ಹಾಕಿದರೂ ಗಡಿ ಬದಲಾಗಲಿಲ್ಲ. ಒಡೆದುಹೋದ ಈ ನಾಡಿನ ನೋವು ಇಲ್ಲಿ ತಿಳಿಯುವಷ್ಟು ಬೇರೆಲ್ಲೂ ತಿಳಿಯುವುದಿಲ್ಲ.

ಕಣಿವೆಯಿಂದ ಕಣಿವೆಗೆ ಘಾಟಿ ದಾಟಿಸುವ ಬಸ್ಸುಗಳಲ್ಲಿ ಹಲವು ಬೇಸಿಗೆಯಲ್ಲಿ ಮಾತ್ರ ಓಡುತ್ತವೆ; ಏಪ್ರಿಲ್, ಮೇ ಮತ್ತು ನವೆಂಬರ್‌ನಲ್ಲಿ ಅನೇಕ ವಸತಿಗೃಹಗಳೂ ಮುಚ್ಚಿರುತ್ತವೆ. ಆದ್ದರಿಂದ ಜೂನ್ ಕೊನೆಯಿಂದ ಸೆಪ್ಟೆಂಬರ್‌ವರೆಗಿನ ದಿನಗಳನ್ನು ಗೊತ್ತುಮಾಡಿಕೊಂಡು, ಷೆಂಗನ್ ವೀಸಾಕ್ಕೆ ಸಾಕಷ್ಟು ಮುಂಚೆಯೇ ಅರ್ಜಿ ಹಾಕಿ.